ಬೀದರ ಕನ್ನಡಕ್ಕೊಂದು ರಿಕಾರ್ಡು ಬೇಕು

(ಹುಮನಾಬಾದಿನಲ್ಲಿ ಯುವಕ ಯುವತಿಯರ ಮುಂದೆ ಆಡಿದ ಮಾತಿನ ಬರಹರೂಪ)

ಬಸವಕಲ್ಯಾಣ, ಹುಮನಾಬಾದಿನ ಗೆಳೆಯರೇ, ಗೆಳತಿಯರೇ, ಈ ಮಾತನ್ನು ಪತ್ರಿಕೆಯಲ್ಲಿ ಓದಲಿರುವ ಬೆಂಗಳೂರು, ಮೈಸೂರು, ಹುಬ್ಬಳ್ಳಿಯ ಹುಡುಗ ಹುಡುಗಿಯರೇ,

ಇವತ್ತು ನಾನು ಗಡಿಯ ಬಗ್ಗೆ ಮಾತಾಡಲು ಬಂದಿಲ್ಲ. ನಾಮಫಲಕದ ಬಗ್ಗೆಯೂ ಮಾತಾಡುವುದಿಲ್ಲ. ಅವನ್ನೆಲ್ಲ ನೀವು ಬೇಕಾದಷ್ಟು ಕೇಳಿದ್ದೀರಿ, ಮುಂದೆಯೂ ಕೇಳುತ್ತೀರಿ. ಇವತ್ತಿನ ನನ್ನ ಮಾತು ಒಂದು ರಿಕಾರ್ಡಿನ ಬಗ್ಗೆ. 1964ರಲ್ಲಿ ಲಂಡನ್ನಿನ ಐದು ಜನ ಹುಡುಗರು ಸೇರಿ ಮಾಡಿದ ಮೊದಲ ರಿಕಾರ್ಡು. ಹುಮನಾಬಾದಿನಲ್ಲಿ ನಿಂತು ಲಂಡನ್ನಿನ ಮಾತೇಕೆ ಎಂದು ನೀವು ಕೇಳಬೇಕು. ಕೇಳಿ. ಆ ರಿಕಾರ್ಡಿನಲ್ಲಿರುವ ಹಾಡುಗಳು ಲಂಡನ್ನಿನವಲ್ಲ ಎಂಬುದೇ ಅದಕ್ಕೆ ನನ್ನ ಮೊದಲ ಉತ್ತರ. ಎರಡನೆಯ ಉತ್ತರ ನಿಮ್ಮ ಬಾಯಲ್ಲೇ ಇದೆ. ಅದು ನೀವು ಆಡುವ ಬೀದರ ಕನ್ನಡ.

ಅರಮನೆ ಮೈದಾನದ ಎರಡು ರಾತ್ರಿ

ರೋಲಿಂಗ್ ಸ್ಟೋನ್ಸ್ ಎಂಬ ತಂಡದ ಹೆಸರನ್ನು ನೀವು ಕೇಳಿರುತ್ತೀರಿ. 2003ರ ಏಪ್ರಿಲ್ 4ರಂದು ಆ ತಂಡ ಬೆಂಗಳೂರಿನ ಅರಮನೆ ಮೈದಾನದಲ್ಲಿ ಹಾಡಿತು. ಇಂಗ್ಲಿಷ್ ಹಾಡಿಗೆ ಇಷ್ಟು ಜನವೇ ಎಂದು ನಮ್ಮವರು ಹುಬ್ಬೇರಿಸಿದರು. ಎರಡು ವರ್ಷ ಕಳೆಯಿತು. 2005ರ ಏಪ್ರಿಲ್‌ನಲ್ಲಿ ಅದೇ ಅರಮನೆ ಮೈದಾನದಲ್ಲಿ ಸಿ. ಅಶ್ವಥ್ ‘ಕನ್ನಡವೇ ಸತ್ಯ’ ಎಂಬ ಕಾರ್ಯಕ್ರಮ ಮಾಡಿದರು. ಕುವೆಂಪು, ಬೇಂದ್ರೆ, ಶಿಶುನಾಳ ಶರೀಫರ ಹಾಡಿಗೆ ಜನ ಸಾಗರದಂತೆ ಸೇರಿದರು. ಕನ್ನಡಕ್ಕೆ ಕೇಳುಗರಿಲ್ಲ ಎಂದು ಹೇಳುತ್ತಿದ್ದವರ ಬಾಯಿಗೆ ಅಂದು ಬೀಗ ಬಿತ್ತು.

ಈ ಎರಡೂ ರಾತ್ರಿಗಳ ಬೇರು ಒಂದೇ ತರಹದ್ದು. ಒಂದರ ಬೇರು ಅಮೆರಿಕದ ಹತ್ತಿ ಹೊಲದಲ್ಲಿತ್ತು. ಇನ್ನೊಂದರ ಬೇರು ನಮ್ಮ ಉತ್ತರದ ಹಳ್ಳಿಯ ಮಠದ ಕಟ್ಟೆಯ ಮೇಲಿತ್ತು. ಶಾಲೆ ಕಾಣದವರು, ಹೊಲದಲ್ಲಿ ದುಡಿದವರು, ತಮ್ಮ ಆಡುಮಾತಿನಲ್ಲಿ ಕಟ್ಟಿದ ಹಾಡು ದೊಡ್ಡ ಮೈದಾನವನ್ನು ತುಂಬಿತು. ಅದು ಹೇಗೆ ತುಂಬಿತು, ನಡುವೆ ಏನೇನು ನಡೆಯಿತು ಎಂಬುದನ್ನು ನೋಡೋಣ.

ಮೊಟ್ಟೆಯ ಟ್ರೇ ಅಂಟಿಸಿದ ಸ್ಟುಡಿಯೋ

1961ರ ಅಕ್ಟೋಬರ್. ಲಂಡನ್ನಿನ ಹತ್ತಿರದ ಡಾರ್ಟ್‌ಫರ್ಡ್ ಎಂಬ ಊರಿನ ರೈಲು ನಿಲ್ದಾಣ. ಮಿಕ್ ಜಾಗರ್ ಎಂಬ ಹುಡುಗನ ಕಂಕುಳಲ್ಲಿ ಕೆಲವು ರಿಕಾರ್ಡುಗಳಿದ್ದವು. ಚಿಕಾಗೋ ನಗರದ ಚೆಸ್ ಎಂಬ ಕಂಪನಿಯಿಂದ ಅವನ್ನು ಆತ ಅಂಚೆಯಲ್ಲಿ ತರಿಸಿಕೊಂಡಿದ್ದ. ಕೀತ್ ರಿಚರ್ಡ್ಸ್ ಎಂಬ ಇನ್ನೊಬ್ಬ ಹುಡುಗ ಆ ರಿಕಾರ್ಡುಗಳನ್ನು ನೋಡಿ ಮಾತಿಗೆ ನಿಂತ. ಅವು ಮಡ್ಡಿ ವಾಟರ್ಸ್, ಚಕ್ ಬೆರಿ ಎಂಬ ಕಪ್ಪು ಹಾಡುಗಾರರ ರಿಕಾರ್ಡುಗಳು. ತಂಡ ಹುಟ್ಟಿದ್ದು ಆ ಮಾತಿನಿಂದ. ತಂಡದ ಹೆಸರನ್ನೂ ಅವರು ತೆಗೆದುಕೊಂಡದ್ದು ಮಡ್ಡಿ ವಾಟರ್ಸ್ 1950ರಲ್ಲಿ ಹಾಡಿದ ಒಂದು ಹಾಡಿನಿಂದ.

ಮೊದಲ ರಿಕಾರ್ಡು ಸಿದ್ಧವಾದದ್ದು 1964ರ ಜನವರಿ, ಫೆಬ್ರುವರಿಯಲ್ಲಿ. ರೀಜೆಂಟ್ ಸೌಂಡ್ ಎಂಬ ಚಿಕ್ಕ ಸ್ಟುಡಿಯೋ. ದನಿ ಪ್ರತಿಧ್ವನಿಸದಿರಲೆಂದು ಮೊಟ್ಟೆ ಇಡುವ ರಟ್ಟಿನ ಟ್ರೇಗಳನ್ನು ಅಂಟಿಸಿದ್ದರು. ಎರಡೇ ಟ್ರ್ಯಾಕಿನ ಟೇಪು ಯಂತ್ರ. ಇವತ್ತು ನಿಮ್ಮ ಜೇಬಿನಲ್ಲಿರುವ ಫೋನು ಅದಕ್ಕಿಂತ ಹೆಚ್ಚು ಟ್ರ್ಯಾಕು ಹಿಡಿಯುತ್ತದೆ! ಏಪ್ರಿಲ್ 16ರಂದು ಡೆಕ್ಕಾ ಕಂಪನಿ ರಿಕಾರ್ಡನ್ನು ಹೊರತಂದಿತು. ಹೊದಿಕೆಯ ಮುಖದ ಮೇಲೆ ತಂಡದ ಹೆಸರು ಕೂಡ ಇರಲಿಲ್ಲ. ಐದು ಮುಖ ಮಾತ್ರ. ಆದರೂ ಬ್ರಿಟನ್ನಿನಲ್ಲಿ ಅದು ಹನ್ನೆರಡು ವಾರ ಮೊದಲ ಸ್ಥಾನದಲ್ಲಿತ್ತು.

ಹನ್ನೆರಡು ಹಾಡುಗಳಲ್ಲಿ ಜಾಗರ್ ಮತ್ತು ರಿಚರ್ಡ್ಸ್ ಹೆಸರಿನಲ್ಲಿ ಇದ್ದದ್ದು ಒಂದೇ ಒಂದು. ಮಿಕ್ಕವುಗಳಲ್ಲಿ ಹೆಚ್ಚಿನವು ಅಮೆರಿಕದ ಕಪ್ಪು ಜನರ ಹಾಡು. ವಿಲ್ಲಿ ಡಿಕ್ಸನ್ ಬರೆದು ಮಡ್ಡಿ ವಾಟರ್ಸ್ ಹಾಡಿದ್ದು, ಜಿಮ್ಮಿ ರೀಡ್ ಹಾಡಿದ್ದು, ಸ್ಲಿಮ್ ಹಾರ್ಪೋ ಹಾಡಿದ್ದು. ಇಪ್ಪತ್ತು ದಾಟಿದ ಬಿಳಿಯ ಹುಡುಗರು ಮಿಸಿಸಿಪಿಯ ಕೂಲಿಯವರ ಉಚ್ಚಾರವನ್ನು ಬಾಯಿಪಾಠ ಮಾಡಿ ಹಾಡಿದರು. ಈ ಮಾತನ್ನು ನೆನಪಿಡಿ. ಲಂಡನ್ನಿನವರು ತಮ್ಮ ‘ಶುದ್ಧ’ ಇಂಗ್ಲಿಷನ್ನು ಬದಿಗಿಟ್ಟು, ಶಾಲೆಯವರು ‘ಹರಕು’ ಎಂದು ಕರೆದ ಇಂಗ್ಲಿಷನ್ನು ಕಲಿತರು!

ಬ್ಲೂಸ್ ಅಂದರೆ ಏನು?

ಆಫ್ರಿಕಾದಿಂದ ಸರಪಳಿ ಹಾಕಿ ಎಳೆತಂದ ಜನರ ಮಕ್ಕಳು, ಮೊಮ್ಮಕ್ಕಳು ಅಮೆರಿಕದ ದಕ್ಷಿಣದಲ್ಲಿ ಹತ್ತಿ ಬಿಡಿಸುತ್ತಿದ್ದರು. ಗುಲಾಮಗಿರಿ 1865ರಲ್ಲಿ ಕಾಗದದ ಮೇಲೆ ಹೋಯಿತು. ಹೊಲ ಮಾತ್ರ ಧಣಿಯದೇ ಉಳಿಯಿತು. ಪಾಲಿಗೆ ದುಡಿಯುವುದು, ವರ್ಷದ ಕೊನೆಗೆ ಧಣಿಯ ಲೆಕ್ಕದ ಪುಸ್ತಕದಲ್ಲಿ ಮತ್ತೆ ಸಾಲವೇ ಉಳಿಯುವುದು. ಆ ಜನ ಹೊಲದಲ್ಲಿ ಕೂಗಿಕೊಂಡ ಹಾಡು, ಜೈಲಿನಲ್ಲಿ ಕಲ್ಲು ಒಡೆಯುತ್ತ ಹೇಳಿದ ಹಾಡು, ಚರ್ಚಿನಲ್ಲಿ ಹಾಡಿದ ಹಾಡು ಇವೆಲ್ಲ ಸೇರಿ ಬ್ಲೂಸ್ ಆಯಿತು.

ಅದರ ಕಟ್ಟು ಬಹಳ ಸರಳ. ಸಾಮಾನ್ಯವಾಗಿ ಮೂರು ಸಾಲಿನ ಪದ್ಯ. ಮೊದಲ ಸಾಲು ಹಾಡುತ್ತಾರೆ. ಅದನ್ನೇ ಇನ್ನೊಮ್ಮೆ ಹಾಡುತ್ತಾರೆ. ಮೂರನೆಯ ಸಾಲು ಅದಕ್ಕೆ ಉತ್ತರ ಕೊಡುತ್ತದೆ. ವಾದ್ಯ ಕೊಳ್ಳಲು ದುಡ್ಡಿಲ್ಲದ ಮಕ್ಕಳು ಮನೆಯ ಗೋಡೆಗೆ ಒಂದು ತಂತಿ ಬಿಗಿದು, ಬಾಟಲಿಯಿಂದ ಅದನ್ನು ಒತ್ತಿ ನುಡಿಸುತ್ತಿದ್ದರು. ಒಂದೇ ತಂತಿ!

ಈಗ ನಿಮ್ಮ ಮುಖದಲ್ಲಿ ನಗು ಕಾಣುತ್ತಿದೆ. ಒಂದು ತಂತಿಯ ವಾದ್ಯ ನಮಗೂ ಗೊತ್ತು. ಏಕತಾರಿ. ಮೂರು ಸಾಲಿನ ಪದ್ಯವೂ ನಮಗೆ ಗೊತ್ತು. ತ್ರಿಪದಿ. ಬೀಸುವ ಕಲ್ಲಿನ ಮುಂದೆ ಕೂತು ನಿಮ್ಮ ಅಜ್ಜಿಯರು ಬೆಳಗಿನ ಜಾವ ಹಾಡಿದ್ದು ತ್ರಿಪದಿಯೇ. ಎರಡೂ ಒಂದೇ ಎಂದು ನಾನು ಹೇಳುವುದಿಲ್ಲ. ರಾಗ ಬೇರೆ, ತಾಳ ಬೇರೆ, ದುಃಖದ ಕಾರಣವೂ ಬೇರೆ. ಆದರೆ ಕೈ ದುಡಿಯುವಾಗ ಬಾಯಿ ಹಾಡುವುದು, ಹೇಳಿದ್ದನ್ನೇ ಮತ್ತೊಮ್ಮೆ ಹೇಳಿ ಮನಸ್ಸನ್ನು ಹಗುರ ಮಾಡಿಕೊಳ್ಳುವುದು ಎರಡೂ ಕಡೆ ಇದೆ.

ತನ್ನ ದನಿಯನ್ನು ತಾನೇ ಕೇಳಿದವನು

ಮಡ್ಡಿ ವಾಟರ್ಸ್‌ನ ಕತೆ ಹೇಳುತ್ತೇನೆ. ನಿಜವಾದ ಹೆಸರು ಮೆಕಿನ್ಲಿ ಮೋರ್ಗನ್‌ಫೀಲ್ಡ್. ಮಿಸಿಸಿಪಿಯ ಸ್ಟೋವಾಲ್ ಎಂಬ ತೋಟದಲ್ಲಿ ದುಡಿಯುವ ಆಳು. 1941ರಲ್ಲಿ ಅಲನ್ ಲೋಮ್ಯಾಕ್ಸ್ ಮತ್ತು ಜಾನ್ ವರ್ಕ್ ಎಂಬ ಇಬ್ಬರು ಅಲ್ಲಿಗೆ ಬಂದರು. ಲೋಮ್ಯಾಕ್ಸ್ ಅಮೆರಿಕದ ಸಂಸತ್ತಿನ ಗ್ರಂಥಾಲಯದವನು. ಜಾನ್ ವರ್ಕ್ ಫಿಸ್ಕ್ ಎಂಬ ಕಪ್ಪು ಜನರ ವಿಶ್ವವಿದ್ಯಾಲಯದ ಪ್ರಾಧ್ಯಾಪಕ. ಇಬ್ಬರೂ ಆ ಆಳಿನ ಮುಂದೆ ಯಂತ್ರ ಇಟ್ಟು ಹಾಡಿಸಿಕೊಂಡರು. ಆಮೇಲೆ ಆತನಿಗೆ ರಿಕಾರ್ಡಿನ ಎರಡು ಪ್ರತಿ, ಜೊತೆಗೆ ಇಪ್ಪತ್ತು ಡಾಲರಿನ ಚೆಕ್ಕು ಬಂತೆಂದು ಆತನೇ ಮುಂದೆ ನೆನೆಸಿಕೊಂಡಿದ್ದಾನೆ.

ತನ್ನ ದನಿಯನ್ನು ರಿಕಾರ್ಡಿನಲ್ಲಿ ಕೇಳಿದಾಗ ಆತನಿಗೆ ಒಂದು ಧೈರ್ಯ ಬಂತು. ಇತರರಂತೆ ನಾನೂ ಹಾಡಬಲ್ಲೆ ಎಂಬ ಧೈರ್ಯ. 1943ರಲ್ಲಿ ರೈಲು ಹತ್ತಿ ಚಿಕಾಗೋಕ್ಕೆ ಹೋದ. ಹಗಲು ದುಡಿದ, ರಾತ್ರಿ ಹಾಡಿದ. ನಗರದ ಗದ್ದಲದಲ್ಲಿ ಗಿಟಾರು ಕೇಳಿಸದೆಂದು ಅದಕ್ಕೆ ವಿದ್ಯುತ್ತು ಜೋಡಿಸಿದ. ಮಾತನ್ನು ಮಾತ್ರ ಬದಲಿಸಲಿಲ್ಲ. ಮಿಸಿಸಿಪಿಯ ಹೊಲದಲ್ಲಿ ಹೇಗೆ ಹೇಳುತ್ತಿದ್ದನೋ ಚಿಕಾಗೋದಲ್ಲೂ ಹಾಗೆಯೇ ಹೇಳಿದ.

ಗೆಳೆಯರೇ, ಈ ಕತೆ ನಿಮಗೆ ಹೊಸದೇ? ಹುಮನಾಬಾದಿನ ಚೌಕದಲ್ಲಿ ನಿಂತರೆ ಒಂದು ಕಡೆಗೆ ಹೈದರಾಬಾದಿನ ಬಸ್ಸು, ಇನ್ನೊಂದು ಕಡೆಗೆ ಸೊಲ್ಲಾಪುರ, ಪುಣೆಯ ಬಸ್ಸು. 2017ರ ಅಕ್ಟೋಬರ್‌ನಲ್ಲಿ ಲೋಕಾರ್ಪಣೆಯಾದ ಬೀದರ–ಕಲಬುರಗಿ ರೈಲು ಮಾರ್ಗವೂ ನಿಮ್ಮ ಊರಿನ ಮೇಲೆಯೇ ಹೋಗುತ್ತದೆ. ಮಳೆ ಕೈಕೊಟ್ಟ ವರ್ಷ ಎಷ್ಟು ಮನೆಗಳಿಗೆ ಬೀಗ ಬೀಳುತ್ತದೆ ಎಂದು ನಿಮಗೆ ನಾನು ಹೇಳಬೇಕಾಗಿಲ್ಲ. ಆ ಬಸ್ಸಿನಲ್ಲಿ, ಆ ರೈಲಿನಲ್ಲಿ ಹೋದವರ ಗಂಟಿನಲ್ಲಿ ರೊಟ್ಟಿ ಇತ್ತು. ಬಾಯಲ್ಲಿ ಪದ ಇತ್ತು. ರೊಟ್ಟಿ ದಾರಿಯಲ್ಲಿ ಮುಗಿಯಿತು. ಪದ ಏನಾಯಿತು? ಆ ಪದವನ್ನು ಅಲ್ಲಿ ಹಿಡಿದಿಟ್ಟವರು ಯಾರು?

ಕಲ್ಯಾಣದ ಕಲ್ಲು, ಕಲ್ಯಾಣದ ದನಿ

ಈಗ ನಿಮ್ಮ ನೆಲಕ್ಕೆ ಬರುತ್ತೇನೆ. ಬಸವಕಲ್ಯಾಣ ಚಾಲುಕ್ಯರ ರಾಜಧಾನಿಯಾಗಿತ್ತು. ಅಲ್ಲಿ ಆಳಿದ ಮೂರನೆಯ ಸೋಮೇಶ್ವರ 1129ರ ಸುಮಾರಿಗೆ ‘ಮಾನಸೋಲ್ಲಾಸ’ ಎಂಬ ಸಂಸ್ಕೃತ ಗ್ರಂಥ ಬರೆದ. ಗೀತ, ವಾದ್ಯ, ನೃತ್ಯ ಈ ಮೂರಕ್ಕೂ ಅದರಲ್ಲಿ ಬೇರೆ ಬೇರೆ ಅಧ್ಯಾಯಗಳಿವೆ. ಅಂದರೆ ಹಾಡನ್ನು ಕುರಿತು ಕೂತು ಯೋಚಿಸಿದ ಊರು ಇದು. ಅದು ಅರಮನೆಯ ಯೋಚನೆ. ಕೆಲವೇ ದಶಕಗಳಲ್ಲಿ ಅದೇ ಊರಿನ ಬೀದಿಯಿಂದ ಇನ್ನೊಂದು ದನಿ ಎದ್ದಿತು. ನೂಲುವ ರೆಮ್ಮವ್ವೆ, ಅಕ್ಕಿ ಆಯುವ ಲಕ್ಕಮ್ಮ, ಹಗ್ಗ ಹೊಸೆಯುವ ಚಂದಯ್ಯ, ದೋಣಿ ನಡೆಸುವ ಚೌಡಯ್ಯ. ಕಸುಬಿನ ಮಾತನ್ನೇ ವಚನ ಮಾಡಿದವರು. ಸಂಸ್ಕೃತ ಬಾರದವನಿಗೆ ದೇವರ ಮುಂದೆ ಮಾತಿಲ್ಲ ಎಂಬ ಕಟ್ಟಳೆಯನ್ನು ಒಡೆದು, ಆಡುವ ಕನ್ನಡದಲ್ಲೇ ಆಡಿದವರು.

2021ರ ಜನವರಿ 6ರಂದು ಬಸವಕಲ್ಯಾಣದಲ್ಲಿ ಹೊಸ ಅನುಭವ ಮಂಟಪಕ್ಕೆ ಅಡಿಗಲ್ಲು ಬಿತ್ತು. ಕಲ್ಲಿನ ಮಂಟಪ ಬೇಕು, ಸಂತೋಷ. ಆದರೆ ದನಿಯ ಮಂಟಪ? ವಚನವನ್ನು ಮಲ್ಲಿಕಾರ್ಜುನ ಮನಸೂರರು ಹಾಡಿದ್ದಾರೆ, ಬಸವರಾಜ ರಾಜಗುರು ಹಾಡಿದ್ದಾರೆ, ರಾಯಚೂರು ಕಡೆಯ ಸಿದ್ಧರಾಮ ಜಂಬಲದಿನ್ನಿಯವರು ಹಾಡಿದ್ದಾರೆ. ಅವು ಹಿಂದೂಸ್ತಾನಿಯ ದೊಡ್ಡ ಗಂಟಲುಗಳು. ಅವರಿಗೆ ಕೈಮುಗಿಯೋಣ. ಕಲ್ಯಾಣದ ಸುತ್ತಲಿನ ಹಳ್ಳಿಯ ಭಜನೆಯಲ್ಲಿ ಬೆಳಗಿನ ಜಾವದವರೆಗೆ ದಮ್ಮಡಿ ಬಡಿಯುತ್ತ ಹಾಡುವ ಗಂಟಲುಗಳ ಲೆಕ್ಕ ಮಾತ್ರ ಬೇರೆಯೇ ಇದೆ. ಅವುಗಳಲ್ಲಿ ಎಷ್ಟು ರಿಕಾರ್ಡಾಗಿವೆ ಎಂದು ನಿಮ್ಮ ಊರಲ್ಲೇ ವಿಚಾರಿಸಿ ನೋಡಿ.

ಎರಡು ಊರನ್ನು ಕಟ್ಟಿದ ಹಾಡುಗಾರ

ನಿಮ್ಮ ಈ ಎರಡು ಊರುಗಳನ್ನು ಹಾಡಿನಿಂದಲೇ ಜೋಡಿಸಿದವರು ಮಾಣಿಕಪ್ರಭುಗಳು. 1817ರಲ್ಲಿ ಬಸವಕಲ್ಯಾಣದ ಹತ್ತಿರದ ಲಾಡವಂತಿಯಲ್ಲಿ ಹುಟ್ಟಿದರು. ಹುಮನಾಬಾದಿನ ಪಕ್ಕದ ಮಾಣಿಕನಗರದಲ್ಲಿ ನೆಲೆಸಿ, 1865ರಲ್ಲಿ ಅಲ್ಲಿಯೇ ಸಮಾಧಿಯಾದರು. ಅವರ ಪದಗಳು ಮರಾಠಿಯಲ್ಲಿವೆ, ಕನ್ನಡದಲ್ಲಿವೆ, ಹಿಂದಿ–ಉರ್ದುವಿನಲ್ಲಿವೆ. ಎಲ್ಲ ಮತಗಳೂ ಸಮ ಎಂಬುದು ಅವರ ಪಂಥದ ಮಾತು. ಇವತ್ತಿಗೂ ದತ್ತ ಜಯಂತಿಯ ಹೊತ್ತಿಗೆ ಅಲ್ಲಿ ಸಂಗೀತದ ದರಬಾರು ನಡೆಯುತ್ತದೆ.

ಇದನ್ನು ಯಾಕೆ ಹೇಳಿದೆ? ಬೆಂಗಳೂರಿನ ಕೆಲವು ಗೆಳೆಯರಿಗೆ ಕನ್ನಡ ಹೋರಾಟ ಅಂದರೆ ಪಕ್ಕದ ಭಾಷೆಯ ಮೇಲೆ ಸಿಟ್ಟು ಎಂಬ ತಪ್ಪು ತಿಳಿವಳಿಕೆ ಇದೆ. ಅವರು ಒಮ್ಮೆ ಇಲ್ಲಿಗೆ ಬರಲಿ. ಇಲ್ಲಿ ಒಂದೇ ಬಾಯಿ ಮೂರು ಭಾಷೆಯಲ್ಲಿ ಹಾಡಿದೆ, ಆದರೂ ಕನ್ನಡ ಸತ್ತಿಲ್ಲ. ಜಯದೇವಿತಾಯಿ ಲಿಗಾಡೆಯವರು ಸೊಲ್ಲಾಪುರದಲ್ಲಿ ಹುಟ್ಟಿ ಮರಾಠಿ ಶಾಲೆಯಲ್ಲಿ ಓದಿದವರು. ಕನ್ನಡವನ್ನು ತಾವೇ ಕಲಿತು ಸಿದ್ಧರಾಮನ ಪುರಾಣವನ್ನು ತ್ರಿಪದಿಯಲ್ಲಿ ಬರೆದರು. ಹೌದು, ಬೀಸುವ ಕಲ್ಲಿನ ಅದೇ ತ್ರಿಪದಿಯಲ್ಲಿ! 1974ರ ಮಂಡ್ಯ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದರು. ಆ ಪೀಠದಲ್ಲಿ ಕೂತ ಮೊದಲ ಹೆಣ್ಣುಮಗಳು ಅವರೇ. ಕೊನೆಗಾಲದಲ್ಲಿ ನೆಲೆಸಲು ಅವರು ಆರಿಸಿಕೊಂಡ ಊರು ಬಸವಕಲ್ಯಾಣ.

ನಿಜಾಮನ ಕಾಲದಲ್ಲಿ ಇಲ್ಲಿ ಕಚೇರಿಯ ಭಾಷೆ ಉರ್ದು, ದೊಡ್ಡ ಶಾಲೆಯ ಭಾಷೆ ಉರ್ದು. 1948ರ ಸೆಪ್ಟೆಂಬರ್‌ವರೆಗೆ ಅದೇ ನಡೆಯಿತು. 1956ರ ನವೆಂಬರ್ 1ರಂದು ಬೀದರ ಮೈಸೂರು ರಾಜ್ಯಕ್ಕೆ ಸೇರಿತು. ಅಷ್ಟು ದಿನ ಕನ್ನಡವನ್ನು ಜೀವದಿಂದ ಇಟ್ಟವರು ಯಾರು? ಸರ್ಕಾರವಲ್ಲ. ಹೊಲದಲ್ಲಿ, ಮಠದಲ್ಲಿ, ದರ್ಗಾದಲ್ಲಿ, ಮೊಹರಂ ಅಲಾಯಿ ಕುಣಿಯ ಸುತ್ತ ಹಾಡಿದವರು. ಕಲಬುರಗಿ ಸೀಮೆಯ ಕಡಕೋಳ ಮಡಿವಾಳಪ್ಪನವರ ತತ್ವಪದ, ಅವರ ಶಿಷ್ಯರಾದ ಚೆನ್ನೂರ ಜಲಾಲಸಾಹೇಬರ ತತ್ವಪದ ಅಂದರೆ ಅಕ್ಷರ ಬಾರದವರ ಪಾಠಶಾಲೆ. ತತ್ವಪದಗಳು ಈಗ ಸಂಪುಟ ಸಂಪುಟವಾಗಿ ಅಚ್ಚಾಗಿವೆ. ಒಳ್ಳೆಯ ಕೆಲಸ. ಆದರೆ ತತ್ವಪದವನ್ನು ಕಣ್ಣಿಂದ ಓದುವುದು ಅಂದರೆ ಊಟದ ಬದಲು ಅಡುಗೆಯ ಪಟ್ಟಿ ಓದಿದ ಹಾಗೆ.

ನಿಮ್ಮ ಕನ್ನಡ ‘ಅಶುದ್ಧ’ವಂತೆ!

ಈಗ ನೋವಿನ ಮಾತಿಗೆ ಬರುತ್ತೇನೆ. ಬೀದರದ ಹುಡುಗ ಬೆಂಗಳೂರಿನ ಹಾಸ್ಟೆಲಿನಲ್ಲಿ ಬಾಯಿ ತೆರೆದರೆ ಸುತ್ತ ನಗು. ‘ಏನ್ ಮಾಡ್ಲತ್ತೀರಿ’ ಅಂದರೆ ನಗು. ‘ದವಾಖಾನಿ’ ಅಂದರೆ ನಗು. ಸಿನಿಮಾದಲ್ಲಿ ಈ ಕಡೆಯ ಮಾತು ಬಂದರೆ ಅದು ಹೆಚ್ಚಾಗಿ ಹಾಸ್ಯದವನ ಬಾಯಲ್ಲಿ. ನಗುವವರೂ ಕನ್ನಡಿಗರೇ! ಹೀಗೆ ಆರು ತಿಂಗಳು ಕಳೆದರೆ ಹುಡುಗ ತನ್ನ ಮಾತನ್ನು ಮಡಚಿ ಪೆಟ್ಟಿಗೆಯಲ್ಲಿಡುತ್ತಾನೆ. ಇನ್ನು ಕೆಲವರು ಕನ್ನಡವನ್ನೇ ಬಿಟ್ಟು ಹಿಂದಿಗೆ ಹೊರಳುತ್ತಾರೆ. ಅಲ್ಲಾದರೂ ಯಾರೂ ನಗುವುದಿಲ್ಲ ಎಂಬ ಸಮಾಧಾನ. ಕನ್ನಡಕ್ಕೆ ಹೊರಗಿನ ಶತ್ರು ಮಾಡಲಾಗದ ಗಾಯವನ್ನು ಒಳಗಿನ ಈ ನಗು ಮಾಡುತ್ತಿದೆ.

ನಗುವವರಿಗೆ ಒಂದು ಪ್ರಶ್ನೆ. ನಿಮ್ಮ ಬೆಂಗಳೂರು ಕನ್ನಡದಲ್ಲಿ ಅರ್ಜಿ ಇಲ್ಲವೇ? ವಕೀಲ ಇಲ್ಲವೇ? ಕಾನೂನು, ಜಮೀನು, ತಹಸೀಲ್ದಾರ ಇಲ್ಲವೇ? ನೀವು ಜೈಕಾರ ಹಾಕುವ ‘ರೈತ’ ಎಂಬ ಮಾತೇ ಅರಬ್ಬಿಯಿಂದ ಬಂದದ್ದು. ನಿಮ್ಮ ಬಾಯಲ್ಲಿ ಬಂದರೆ ಅದು ಕನ್ನಡ, ಬೀದರದವನ ಬಾಯಲ್ಲಿ ಬಂದರೆ ಕಲಬೆರಕೆಯೇ?

ಮಡ್ಡಿ ವಾಟರ್ಸ್‌ನ ಇಂಗ್ಲಿಷಿಗೂ ಹೀಗೆಯೇ ನಕ್ಕಿದ್ದರು. ಒಂದೇ ವಾಕ್ಯದಲ್ಲಿ ಎರಡು ಸಲ ‘ಇಲ್ಲ’ ಅನ್ನುತ್ತಾನೆ, ಕ್ರಿಯಾಪದದ ಬಾಲ ಕತ್ತರಿಸುತ್ತಾನೆ, ವ್ಯಾಕರಣ ಬಾರದವನು ಎಂದರು. ಅದೇ ಮಾತನ್ನು ಲಂಡನ್ನಿನ ಹುಡುಗರು ಕಲಿತು ಹಾಡಿದ ಮೇಲೆ ಜಗತ್ತು ಕಿವಿಗೊಟ್ಟಿತು. ಬ್ಲೂಸಿನ ಇಂಗ್ಲಿಷನ್ನು ತಿದ್ದಿ ಶಾಲೆಯ ಇಂಗ್ಲಿಷು ಮಾಡಿ ನೋಡಿ, ಹಾಡು ಅಲ್ಲೇ ಸಾಯುತ್ತದೆ. ನಿಮ್ಮ ಪದವೂ ಹಾಗೆಯೇ.

ಮೈಸೂರಿನ ಹುಡುಗ, ಶಿಶುನಾಳದ ಪದ

ನಮ್ಮಲ್ಲಿ ಇಂಥದ್ದು ನಡೆದೇ ಇಲ್ಲವೇ? ನಡೆದಿದೆ. 1978ರಲ್ಲಿ ‘ನಿತ್ಯೋತ್ಸವ’ ಕ್ಯಾಸೆಟ್ಟು ಬಂತು. ನಿಸಾರ್ ಅಹಮದರ ಕವಿತೆ, ಮೈಸೂರು ಅನಂತಸ್ವಾಮಿಯವರ ರಾಗ. ಭಾವಗೀತೆ ಮನೆಮನೆಗೆ ಹೋಗುವ ದಾರಿ ಅಲ್ಲಿಂದ ತೆರೆಯಿತು. ಆಮೇಲೆ ಸಿ. ಅಶ್ವಥ್ ಶಿಶುನಾಳ ಶರೀಫರ ಪದಗಳನ್ನು ಕ್ಯಾಸೆಟ್ಟಿಗೆ ತಂದರು. 1990ರಲ್ಲಿ ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಸಿನಿಮಾ ಬಂತು. ಬೆಂಗಳೂರು, ಮೈಸೂರಿನವರಿಗೆ ಶರೀಫರು ಮನೆಯವರಾದದ್ದು ಹೀಗೆ.

ಬ್ಯಾಂಡಿನ ಕತೆ ಇನ್ನೂ ಹತ್ತಿರದ್ದು. ಮೈಸೂರಿನಲ್ಲಿ ಬೆಳೆದ ರಘು ದೀಕ್ಷಿತ್ ಗಿಟಾರು ಹಿಡಿದು ಹಾಡಿದವರು. ಅವರ ತಂಡದ ಮೊದಲ ಆಲ್ಬಂ 2008ರಲ್ಲಿ ಬಂತು. ಹೊರತಂದದ್ದು ಮುಂಬಯಿಯ ಹಿಂದಿ ಸಿನಿಮಾ ಸಂಗೀತಗಾರರಾದ ವಿಶಾಲ್–ಶೇಖರ್. ಅದರಲ್ಲಿ ಹಿಂದಿ ಹಾಡಿದ್ದವು, ಇಂಗ್ಲಿಷ್ ಹಾಡಿದ್ದವು. ನಡುವೆ ಶರೀಫರ ಎರಡು ಪದ. ಒಂದು ಗುಡಗುಡಿ ಸೇದುವ ಪದ, ಇನ್ನೊಂದು ಸೋರುವ ಮಾಳಿಗೆಯ ಪದ. ಎರಡೇ ಯಾಕೆ ಎಂದು ನಾವು ಕೇಳಬಹುದು, ಕೇಳೋಣ. ಆದರೆ ಆ ಎರಡು ಏನು ಮಾಡಿದವು ನೋಡಿ. ‘ಮಾಳಿಗೆ’ ಎಂದು ತಿದ್ದದೆ, ಶರೀಫರು ಹೇಳಿದ ಹಾಗೆ ‘ಮಾಳಿಗಿ’ ಎಂದೇ ಹಾಡಿದರು. ಕನ್ನಡ ಓದಲು ಬಾರದ ಹುಡುಗರೂ ಅದರ ಜೊತೆ ದನಿಗೂಡಿಸಿದರು. 2010ರಲ್ಲಿ ಆ ತಂಡ ಬ್ರಿಟನ್ನಿನ ಬಿಬಿಸಿಯ ಜೂಲ್ಸ್ ಹಾಲಂಡ್ ಕಾರ್ಯಕ್ರಮದಲ್ಲಿ ಹಾಡಿತು. 2011ರಲ್ಲಿ ಅಲ್ಲಿನ ‘ಸಾಂಗ್‌ಲೈನ್ಸ್’ ಪತ್ರಿಕೆಯ ಹೊಸ ಪ್ರತಿಭೆಯ ಪ್ರಶಸ್ತಿ ಬಂತು.

1819ರಲ್ಲಿ ಹುಟ್ಟಿ 1889ರಲ್ಲಿ ತೀರಿಕೊಂಡ ಶಿಶುನಾಳದ ಒಬ್ಬ ಬಡವ, ಬ್ರಾಹ್ಮಣ ಗುರುವಿನ ಮುಸ್ಲಿಂ ಶಿಷ್ಯ. ಅವನ ಪದ ಗಿಟಾರಿನ ಜೊತೆ ಕೂತು ಊರೂರು ತಿರುಗಿತು. ಹಾವೇರಿ ಸೀಮೆಯ ಆಡುಮಾತು ಇಷ್ಟು ದೂರ ಹೋಗಬಹುದಾದರೆ ಬೀದರದ ಆಡುಮಾತಿಗೆ ಕಾಲಿಲ್ಲವೇ? ಕಾಲಿದೆ. ಹೊತ್ತು ಒಯ್ಯುವ ಹೆಗಲು ಬೇಕು.

ಹೆಸರು ಯಾರದು, ದುಡ್ಡು ಯಾರದು?

ಇಲ್ಲಿ ಒಂದು ಎಚ್ಚರಿಕೆ. ಬ್ಲೂಸಿನ ಕತೆಯಲ್ಲಿ ಹೊಗಳುವಂಥದ್ದು ಮಾತ್ರ ಇಲ್ಲ. ರೋಲಿಂಗ್ ಸ್ಟೋನ್ಸ್ ಹುಡುಗರು 1965ರಲ್ಲಿ ಅಮೆರಿಕದ ಟಿವಿ ಕಾರ್ಯಕ್ರಮಕ್ಕೆ ಹೋದಾಗ ಹೌಲಿನ್ ವುಲ್ಫ್ ಎಂಬ ಹಿರಿಯ ಬ್ಲೂಸ್ ಹಾಡುಗಾರನನ್ನು ಜೊತೆಗೆ ಕರೆಸಿಕೊಂಡರು. ಐವತ್ತು ದಾಟಿದ್ದ ಆತ ಹಾಡುವಾಗ ಅವನ ಕಾಲಬುಡದಲ್ಲಿ ಕೂತು ಕೇಳಿದರು. ಅದು ಗೌರವ. ಆದರೆ ಅದೇ ವಿಲ್ಲಿ ಡಿಕ್ಸನ್ ತನ್ನ ಹಾಡಿನ ಮಾತನ್ನು 1969ರ ಹಾಡೊಂದರಲ್ಲಿ ಬಳಸಿಕೊಂಡರೆಂದು ಲೆಡ್ ಜೆಪ್ಪೆಲಿನ್ ಎಂಬ ಇನ್ನೊಂದು ದೊಡ್ಡ ಬ್ರಿಟಿಷ್ ತಂಡದ ಮೇಲೆ 1985ರಲ್ಲಿ ದಾವೆ ಹೂಡಬೇಕಾಯಿತು. ಕೊನೆಗೆ ಅದು ರಾಜಿಯಲ್ಲಿ ಮುಗಿಯಿತು. ಹದಿನಾರು ವರ್ಷದ ಮೇಲೆ, ನ್ಯಾಯಾಲಯದ ಬಾಗಿಲು ತಟ್ಟಿ ಕೇಳಿ ಪಡೆಯಬೇಕಾದ ಹೆಸರು!

ನಮ್ಮ ಹಿರಿಯರು ಈ ವಿಷಯದಲ್ಲಿ ಜಾಣರು. ಅವರು ಹೆಸರನ್ನು ಹಾಡಿನ ಹೊದಿಕೆಯ ಮೇಲೆ ಬರೆಯಲಿಲ್ಲ, ಹಾಡಿನ ಒಳಗೇ ಹೊಲಿದರು. 'ಕೂಡಲಸಂಗಮದೇವ' ಎಂದರೆ ಬಸವಣ್ಣ, 'ಗುಹೇಶ್ವರ' ಎಂದರೆ ಅಲ್ಲಮ, 'ಚೆನ್ನಮಲ್ಲಿಕಾರ್ಜುನ' ಎಂದರೆ ಅಕ್ಕ. ದೇವರ ಹೆಸರೇ ಬರೆದವರ ಗುರುತು. ಅಂಕಿತ ಕತ್ತರಿಸಿದರೆ ಪದವೇ ಮುರಿದುಬೀಳುತ್ತದೆ. ಎಂಟುನೂರು ವರ್ಷ ಕಾಯ್ದ ಬೀಗ ಅದು.

ಆದರೆ ಆ ಬೀಗ ಬರೆದವರನ್ನು ಕಾಯುತ್ತದೆ, ಇವತ್ತು ಹಾಡುವವರನ್ನು ಕಾಯುವುದಿಲ್ಲ. ಅದಕ್ಕೆ ಕಾನೂನು ಇದೆ, ತಿಳಿದುಕೊಳ್ಳಿ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಬರೆದವರು ತೀರಿಕೊಂಡು ಅರವತ್ತು ವರ್ಷವಾದ ಮೇಲೆ ಕೃತಿ ಎಲ್ಲರದು. ಶರೀಫರ ಪದ, ಮಡಿವಾಳಪ್ಪನವರ ಪದ ಯಾವ ಕಂಪನಿಯ ಸ್ವತ್ತೂ ಅಲ್ಲ. ಅದನ್ನು ಹಾಡಿದವರಿಗೆ ತಮ್ಮ ಹಾಡುಗಾರಿಕೆಯ ಮೇಲೆ ಐವತ್ತು ವರ್ಷದ ಹಕ್ಕಿದೆ. 2012ರ ತಿದ್ದುಪಡಿಯ ಮೇಲೆ ವ್ಯಾಪಾರದ ಬಳಕೆಯಿಂದ ಬಂದ ಹಣದಲ್ಲಿ ಪಾಲು ಕೇಳುವ ಹಕ್ಕಿದೆ, ತಮ್ಮ ಹೆಸರು ಹೇಳಿ ಎನ್ನುವ ಹಕ್ಕೂ ಇದೆ. ಭಜನೆಯ ಮುದುಕನ ಹಾಡನ್ನು ಫೋನಿನಲ್ಲಿ ಹಿಡಿದು, ತಮ್ಮ ಚಾನೆಲ್ಲಿಗೆ ಹಾಕಿ, ‘ಸಾಂಪ್ರದಾಯಿಕ’ ಎಂದು ಬರೆದು ಕೈತೊಳೆದುಕೊಳ್ಳುವವರಿಗೆ ಇದನ್ನು ಹೇಳಿ. ಆ ಮುದುಕನಿಗೆ ಹೆಸರಿದೆ, ಊರಿದೆ, ಗುರುವಿದ್ದಾನೆ.

ಈಗ ನೀವೇನು ಮಾಡುತ್ತೀರಿ?

ಮೊದಲು ಈ ಊರಿನವರಿಗೆ. ನಿಮ್ಮ ಓಣಿಯಲ್ಲಿ ಪದ ಹೇಳುವವರು ಯಾರು ಎಂದು ಪಟ್ಟಿ ಮಾಡಿ. ಅಜ್ಜಿಯಿಂದ ಶುರು ಮಾಡಿ, ಮಠಕ್ಕೂ ಹೋಗಿ, ದರ್ಗಾಕ್ಕೂ ಹೋಗಿ. ಫ್ಯಾನು ಆರಿಸಿ, ಕಿಟಕಿ ಮುಚ್ಚಿ, ಫೋನನ್ನು ಕೈಯಲ್ಲಿ ಹಿಡಿಯದೆ ಮೆತ್ತನೆಯ ಬಟ್ಟೆಯ ಮೇಲಿಡಿ. ಹಾಡುವ ಮೊದಲು ಅವರ ಬಾಯಿಂದಲೇ ಹೆಸರು, ಊರು, ಯಾರಿಂದ ಕಲಿತದ್ದು, ಇವತ್ತಿನ ತಾರೀಖು ಹೇಳಿಸಿ. ಅವರ ಒಪ್ಪಿಗೆಯನ್ನೂ ಅದರಲ್ಲೇ ಹೇಳಿಸಿ. ಮುಗಿದ ಮೇಲೆ ಅವರಿಗೆ ಕೇಳಿಸಿ. ಮರೆಯಬೇಡಿ, ಮಡ್ಡಿ ವಾಟರ್ಸ್‌ಗೆ ಧೈರ್ಯ ಬಂದದ್ದು ತನ್ನ ದನಿಯನ್ನು ತಾನು ಕೇಳಿದಾಗ. ಒಂದು ಪ್ರತಿ ಅವರ ಮನೆಯಲ್ಲಿರಲಿ, ಇನ್ನೊಂದು ನಿಮ್ಮ ಕಾಲೇಜಿನ ಗ್ರಂಥಾಲಯದಲ್ಲಿರಲಿ.

ಇನ್ನು ಬೆಂಗಳೂರಿನ ಬ್ಯಾಂಡಿನ ಹುಡುಗರಿಗೆ. ನೀವು ಗ್ಯಾರೇಜಿನಲ್ಲಿ ಬ್ಲೂಸ್ ನುಡಿಸುತ್ತೀರಿ, ಬಹಳ ಚೆನ್ನಾಗಿಯೇ ನುಡಿಸುತ್ತೀರಿ. ಮಿಸಿಸಿಪಿಯ ಉಚ್ಚಾರವನ್ನು ಕಷ್ಟಪಟ್ಟು ಕಲಿಯುತ್ತೀರಿ. ಅದರ ಅರ್ಧ ಕಷ್ಟಕ್ಕೆ ಬೀದರದ ಉಚ್ಚಾರ ಬರುತ್ತದೆ! ಒಂದು ರಾತ್ರಿ ಪ್ರಯಾಣ ಮಾಡಿ ಇಲ್ಲಿಗೆ ಬನ್ನಿ. ಗಿಟಾರು ಪೆಟ್ಟಿಗೆಯಲ್ಲೇ ಇರಲಿ, ಮೊದಲು ಕೇಳಿ. ಎರಡನೆಯ ರಾತ್ರಿ ಬೇಕಾದರೆ ತೆಗೆಯಿರಿ. ದಮ್ಮಡಿಯ ಮೇಲೆ ಡ್ರಮ್ಸು ಹೇರಿ ಅದನ್ನು ಮುಚ್ಚಬೇಡಿ. ‘ಹೋಗ್ಲತ್ತೀನಿ’ ಎಂಬುದನ್ನು ‘ಹೋಗುತ್ತಿದ್ದೇನೆ’ ಎಂದು ತಿದ್ದಬೇಡಿ. ಹಾಡಿಕೊಟ್ಟವರನ್ನು ಸ್ಟುಡಿಯೋಕ್ಕೆ ಕರೆದೊಯ್ಯಿರಿ, ಹೊದಿಕೆಯ ಮೇಲೆ ನಿಮ್ಮ ಹೆಸರಿನಷ್ಟೇ ದಪ್ಪ ಅಕ್ಷರದಲ್ಲಿ ಅವರ ಹೆಸರು ಹಾಕಿ, ಬಂದ ದುಡ್ಡಿನಲ್ಲಿ ಪಾಲು ಕೊಡಿ.

ಬೀದರದ ಹುಡುಗನ ಮಾತಿಗೆ ಹಾಸ್ಟೆಲಿನಲ್ಲಿ ನಕ್ಕವರಿಗೂ ಒಂದು ಮಾತು. ಕನ್ನಡ ಒಂದೇ ಮನೆ, ಆದರೆ ಅದಕ್ಕೆ ಬಾಗಿಲು ಹಲವು. ಉತ್ತರದ ಬಾಗಿಲು ಕಾಯುತ್ತಿರುವವರು ಈ ಊರಿನವರು. ಅವರ ಮಾತಿಗೆ ನಕ್ಕು ಆ ಬಾಗಿಲು ಮುಚ್ಚಿದರೆ ಮನೆಯೊಳಗೆ ಗಾಳಿ ಆಡುವುದಿಲ್ಲ.

1964ರಲ್ಲಿ ಮೊಟ್ಟೆಯ ಟ್ರೇ ಅಂಟಿಸಿದ ಕೋಣೆಯಲ್ಲಿ ಐದು ಹುಡುಗರು ಮಾಡಿದ ಕೆಲಸಕ್ಕೆ ದೊಡ್ಡ ಬಂಡವಾಳ ಬೇಕಾಗಿರಲಿಲ್ಲ. ಯಾರದೋ ನೋವಿನ ಹಾಡನ್ನು ಅವರ ಮಾತಿನಲ್ಲೇ ಹಾಡುತ್ತೇವೆ ಎಂಬ ಹಟ ಬೇಕಾಗಿತ್ತು. ನಿಮಗಂತೂ ಅದು ಯಾರದೋ ಹಾಡಲ್ಲ, ನಿಮ್ಮ ಮನೆಯದೇ. ಈ ವರ್ಷ ಹುಮನಾಬಾದಿನಿಂದ ಒಂದು, ಬಸವಕಲ್ಯಾಣದಿಂದ ಒಂದು ರಿಕಾರ್ಡು ಬರಲಿ. ಅದನ್ನು ಬೆಂಗಳೂರಿನಲ್ಲಿ ನಾವು ಹಂಚುತ್ತೇವೆ.